ಆನೇಕಲ್ಲಿನ ಆಕಾಶಪುರಿಗಳು

ಆಕಾಶದಲ್ಲಿ ಊರು ಕಟ್ಟುವ ಆಸೆ ನಮ್ಮವರಿಗೆ ಇಂದು ನಿನ್ನೆಯದಲ್ಲ. ನೆಲದ ಮೇಲಿನ ಊರಿಗೆ ಕ್ಷಾಮ ಬರುತ್ತದೆ, ಮಾರಿ ಬರುತ್ತದೆ, ಶತ್ರುಗಳ ದಂಡು ಬರುತ್ತದೆ. ಕೋಟೆ ಎಷ್ಟೇ ಎತ್ತರವಿದ್ದರೂ ಹತ್ತುವವನ ಏಣಿ ಅದಕ್ಕಿಂತ ಒಂದು ಗೇಣು ಉದ್ದವಾಗಿಯೇ ಇರುತ್ತದೆ. ಬಾನಿನಲ್ಲಿ ತೇಲುವ ಊರಿಗೆ ಈ ಭಯಗಳಾವುವೂ ಇಲ್ಲ. ಆದುದರಿಂದಲೇ ಇರಬೇಕು, ಯುದ್ಧವನ್ನೇ ವಸ್ತುವಾಗಿ ಉಳ್ಳ ಮಹಾಭಾರತದಲ್ಲಿ ಇಂತಹ ಪಟ್ಟಣಗಳು ಮೂರು ಪ್ರಸಿದ್ಧ ಸಂದರ್ಭಗಳಲ್ಲಿ ನಮಗೆ ಎದುರಾಗುತ್ತವೆ.

ಮೊದಲನೆಯದು ಸಾಲ್ವರಾಜನ ಸೌಭ. ಅದು ಬೇಕೆಂದಲ್ಲಿಗೆ ಹೋಗುವ ಪಟ್ಟಣ. ಸಾಲ್ವನು ಅದರಲ್ಲಿ ಕುಳಿತು ದ್ವಾರಕೆಯ ಮೇಲೆ ಏರಿ ಬರುತ್ತಾನೆ. ಕೃಷ್ಣನು ಕೊನೆಗೆ ತನ್ನ ಚಕ್ರದಿಂದ ಅದನ್ನು ಎರಡು ಹೋಳು ಮಾಡುತ್ತಾನೆ. ಈ ಕಥೆಯನ್ನು ಕೃಷ್ಣನು ಹೇಳುವ ಸಂದರ್ಭ ಗಮನಾರ್ಹವಾದುದು. ವನವಾಸಕ್ಕೆ ಹೊರಟ ಪಾಂಡವರ ಎದುರಿನಲ್ಲಿ, ಜೂಜು ನಡೆದ ದಿನ ತಾನೇಕೆ ಹಸ್ತಿನಾವತಿಯಲ್ಲಿ ಇರಲಿಲ್ಲ ಎಂಬುದಕ್ಕೆ ಕಾರಣವಾಗಿ ಅವನು ಇದನ್ನು ಹೇಳುತ್ತಾನೆ. ಎರಡನೆಯದು ಹಿರಣ್ಯಪುರ, ಪುಲೋಮೆ ಮತ್ತು ಕಾಲಕೆ ಎಂಬ ತಾಯಂದಿರ ಮಕ್ಕಳಾದ ದಾನವರ ನಗರ. ಅರ್ಜುನನು ಬೆನ್ನಟ್ಟಿದಾಗ ಅದು ನೆಲದೊಳಗೆ ಇಳಿಯುತ್ತದೆ, ಮುಗಿಲಿಗೆ ನೆಗೆಯುತ್ತದೆ, ನೀರಿನಲ್ಲಿ ಮುಳುಗುತ್ತದೆ, ಆದರೂ ಉಳಿಯುವುದಿಲ್ಲ. ಮೂರನೆಯದು ಎಲ್ಲರೂ ಬಲ್ಲ ತ್ರಿಪುರ. ತಾರಕನ ಮೂವರು ಮಕ್ಕಳಿಗಾಗಿ ಮಯನು ಕಟ್ಟಿಕೊಟ್ಟ ಚಿನ್ನದ, ಬೆಳ್ಳಿಯ, ಕಬ್ಬಿಣದ ಮೂರು ಊರುಗಳು ಸಾವಿರ ವರ್ಷಕ್ಕೊಮ್ಮೆ ಒಂದೇ ಸಾಲಿಗೆ ಬರುತ್ತವೆ. ಆ ಕ್ಷಣಕ್ಕೆ ಕಾದ ಶಿವನ ಒಂದೇ ಬಾಣಕ್ಕೆ ಮೂರೂ ಬೂದಿಯಾಗುತ್ತವೆ. ಈ ಕಥೆಯನ್ನು ಹೇಳುವವನು ದುರ್ಯೋಧನ, ಕೇಳುವವನು ಶಲ್ಯ. ಬ್ರಹ್ಮನೇ ಶಿವನಿಗೆ ಸಾರಥಿಯಾದನಲ್ಲವೆ, ನೀನು ಕರ್ಣನಿಗೆ ಸಾರಥಿಯಾದರೆ ಕುಂದೇನು ಎಂಬುದು ಅವನ ವಾದ.

ನಮ್ಮ ನಾಡಿನಲ್ಲಿ ತ್ರಿಪುರದ ಕಥೆ ಬಹಳ ಆಳಕ್ಕೆ ಬೇರು ಬಿಟ್ಟಿತು. ಬಳ್ಳಿಗಾವೆಯಲ್ಲಿ 11ನೆಯ ಶತಮಾನದ ತ್ರಿಪುರಾಂತಕ ದೇವಾಲಯ ಇಂದಿಗೂ ನಿಂತಿದೆ. ಕುಮಾರವ್ಯಾಸನು ಕರ್ಣಪರ್ವದಲ್ಲಿ ಆ ಕಥೆಯನ್ನು ಬಿಡದೆ ಹೇಳಿದನು. ಅವನಿಗೂ ಹಿಂದೆ ಜೈನಕವಿ ಶಿಶುಮಾಯಣನು ಸಾಂಗತ್ಯದಲ್ಲಿ ‘ತ್ರಿಪುರದಹನ’ವನ್ನು ಬರೆದು, ಹುಟ್ಟು, ಮುಪ್ಪು, ಸಾವುಗಳೇ ಆ ಮೂರು ಊರುಗಳೆಂದೂ ಅವನ್ನು ಸುಟ್ಟವನು ಜಿನನೆಂದೂ ಅರ್ಥಮಾಡಿದನು. ತೇಲುವ ಊರು ಎಷ್ಟು ತೂಕದ ಅರ್ಥವನ್ನು ಹೊರಬಲ್ಲದು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಬೇಕಿಲ್ಲ. ಇನ್ನು ಮೋಡಗಳಲ್ಲಿ ತೋರಿ ಮರೆಯಾಗುವ ಗಂಧರ್ವನಗರವನ್ನು ವರಾಹಮಿಹಿರನು ಶಕುನವೆಂದು ಎಣಿಸಿದರೆ, ಗೌಡಪಾದರು ಅದನ್ನೇ ತೋರಿಕೆಯ ಜಗತ್ತಿಗೆ ಉಪಮಾನವಾಗಿ ಹಿಡಿದರು.

ಈ ಕಥೆಗಳಿಗೆಲ್ಲ ಸಮಾನವಾದ ಒಂದು ಲಕ್ಷಣವುಂಟು. ಪ್ರತಿಯೊಂದು ಆಕಾಶಪುರಿಯೂ ಕೊನೆಗೆ ಬೀಳುತ್ತದೆ. ಅದು ಹೇಗೆ ಹಾರಿತು ಎಂಬುದನ್ನು ಹೇಳುವ ಗೋಜಿಗೆ ಕವಿ ಹೋಗುವುದಿಲ್ಲ. ಏಕೆ ಬಿದ್ದಿತು ಎಂಬುದನ್ನು ಮಾತ್ರ ತಪ್ಪದೆ ಹೇಳುತ್ತಾನೆ. ಮುಟ್ಟಲು ಬಾರದ ಎತ್ತರದಲ್ಲಿ ಇದ್ದೇನೆ ಎಂದುಕೊಂಡವನ ಪಾಡನ್ನು ತೋರುವುದಕ್ಕಾಗಿ ಅವನು ಆ ಊರನ್ನು ಕಟ್ಟಿದ್ದು. ಹಾರುವ ಬಗೆಯನ್ನು ವಿವರಿಸುವ ಗ್ರಂಥವೊಂದು ಇದೆ ಎಂಬ ಮಾತು ಹುಟ್ಟಿದುದು ತೀರ ಈಚೆಗೆ. ಅದೂ ನಮ್ಮ ಬೆಂಗಳೂರಿನ ಹೊರವಲಯದಲ್ಲಿಯೇ.

ಬೆಂಗಳೂರಿನಿಂದ ಹೊಸೂರು ರಸ್ತೆಯಲ್ಲಿ ಹೊರಟರೆ ಇಂದು ಮೊದಲು ಸಿಗುವುದು ಎಲೆಕ್ಟ್ರಾನಿಕ್ ಸಿಟಿ. ಕೋನಪ್ಪನ ಅಗ್ರಹಾರ, ದೊಡ್ಡತೋಗೂರುಗಳ ಹೊಲಗಳಲ್ಲಿ 1970ರ ದಶಕದ ಕೊನೆಯಲ್ಲಿ ಕಿಯೋನಿಕ್ಸ್ ಸಂಸ್ಥೆ 332 ಎಕರೆಯಲ್ಲಿ ಅದನ್ನು ಎಬ್ಬಿಸಿತು. ಅದನ್ನು ದಾಟಿ ಚಂದಾಪುರದಲ್ಲಿ ಬಲಕ್ಕೆ ತಿರುಗಿದರೆ ಆನೇಕಲ್ಲು. ಆ ಹೆಸರಿಗೆ ಆಲಿಕಲ್ಲು ಎಂಬ ಅರ್ಥವನ್ನು ಹೇಳುವುದುಂಟು; ಆಕಾಶದಿಂದ ಉದುರಿದ ಕಲ್ಲಿನ ಹೆಸರು ಆ ಊರಿಗೆ. ಪಂಡಿತ ಸುಬ್ಬರಾಯಶಾಸ್ತ್ರಿಗಳು ನೆಲೆಸಿದ್ದುದು ಆ ಊರಿನಲ್ಲಿ.

ಶಾಸ್ತ್ರಿಗಳು 1866ರಲ್ಲಿ ಹೊಸೂರಿನ ಸೀಮೆಯಲ್ಲಿ ಹುಟ್ಟಿದವರು. ಬಾಲ್ಯದಲ್ಲಿಯೇ ಮದುವೆ, ಚಿಕ್ಕವಯಸ್ಸಿನಲ್ಲಿಯೇ ತಂದೆತಾಯಿಗಳ ಅಗಲಿಕೆ, ಬಳಿಕ ಬಡತನ, ರೋಗ, ಅಲೆದಾಟ. ಶಾಲೆಯಲ್ಲಿ ಕ್ರಮವಾಗಿ ಓದಿದವರಲ್ಲ. ಕೋಲಾರದ ಕಡೆಯ ಗುಹೆಯೊಂದರಲ್ಲಿದ್ದ ಸಾಧುವೊಬ್ಬರು ತಮಗೆ ಅನೇಕ ಶಾಸ್ತ್ರಗಳನ್ನು ಉಪದೇಶಿಸಿದರೆಂದು ಅವರು ಹೇಳುತ್ತಿದ್ದರು. ಆವೇಶ ಬಂದಾಗ ಅವರ ಬಾಯಿಂದ ಸಂಸ್ಕೃತ ಶ್ಲೋಕಗಳು ಹೊಮ್ಮುತ್ತಿದ್ದುವು. ಹಾಗೆ ಹೊಮ್ಮಿದುದನ್ನು ಜಿ. ವೆಂಕಟಾಚಲಶರ್ಮ ಎಂಬವರು ನೋಟುಪುಸ್ತಕಗಳಲ್ಲಿ ಬರೆದುಕೊಂಡರು. 1918ರಿಂದ 1923ರವರೆಗೆ ನಡೆದ ಈ ಬರವಣಿಗೆಯ ಫಲವೇ ‘ವೈಮಾನಿಕ ಶಾಸ್ತ್ರ’. ಬೆಂಗಳೂರಿನ ಎಂಜಿನಿಯರಿಂಗ್ ಕಾಲೇಜೊಂದರಲ್ಲಿ ನಕ್ಷೆಗಾರರಾಗಿದ್ದ ಟಿ. ಕೆ. ಎಲ್ಲಪ್ಪನವರು ಶಾಸ್ತ್ರಿಗಳ ಮಾತಿನಂತೆ ಅದಕ್ಕೆ ಚಿತ್ರಗಳನ್ನು ಬರೆದರು.

ಗ್ರಂಥವು ತನ್ನನ್ನು ಭರದ್ವಾಜ ಮಹರ್ಷಿಯ ‘ಯಂತ್ರಸರ್ವಸ್ವ’ದ ಒಂದು ಭಾಗವೆಂದು ಹೇಳಿಕೊಳ್ಳುತ್ತದೆ, ಬೋಧಾನಂದನೆಂಬ ವೃತ್ತಿಕಾರನ ವ್ಯಾಖ್ಯಾನವೂ ಜೊತೆಗಿದೆ. ವಿಮಾನ ನಡೆಸುವವನು ಅರಿಯಬೇಕಾದ 32 ರಹಸ್ಯಗಳು, ಅವನ ಊಟ ಉಡುಪುಗಳು, ವಿಮಾನದಲ್ಲಿ ಇಡಬೇಕಾದ ದರ್ಪಣಗಳು, ಲೋಹಗಳನ್ನು ಕರಗಿಸುವ ಕುಲುಮೆಗಳು, ಇವುಗಳ ವಿವರ ಅದರಲ್ಲಿ ಬರುತ್ತದೆ. ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ನಾಲ್ಕು ವಿಮಾನಗಳ ವರ್ಣನೆ ಇದೆ. ಈ ಕೊನೆಯ ಹೆಸರಿನಲ್ಲಿ ನಾವು ತುಸು ನಿಲ್ಲಬೇಕು. ಮೂರು ಆವರಣಗಳುಳ್ಳ ಈ ತ್ರಿಪುರ ವಿಮಾನವು ನೆಲದಲ್ಲಿ, ನೀರಿನಲ್ಲಿ, ಆಕಾಶದಲ್ಲಿ ಒಂದೇ ಸಮನಾಗಿ ಸಂಚರಿಸುತ್ತದೆಯಂತೆ. ಮಯನ ಮೂರು ಊರುಗಳ ಹೆಸರು ಇಲ್ಲಿದೆ. ಅರ್ಜುನನಿಂದ ತಪ್ಪಿಸಿಕೊಳ್ಳಲು ನೆಲ, ಮುಗಿಲು, ನೀರುಗಳಲ್ಲಿ ಹೊಕ್ಕು ಹೊರಟ ಹಿರಣ್ಯಪುರದ ನಡೆಯೂ ಇಲ್ಲಿದೆ. ಪುರಾಣ ಕೇಳಿ ಬೆಳೆದ ಮನಸ್ಸೊಂದು ತನ್ನ ನೆನಪಿನ ಆಕಾಶಪುರಿಗಳಿಗೆ ಚಕ್ರ, ಕೊಳವೆ, ಬೀಸಣಿಗೆಗಳನ್ನು ಜೋಡಿಸುತ್ತಿರುವುದು ನನಗೆ ಇಲ್ಲಿ ಸ್ಪಷ್ಟವಾಗಿ ಕಾಣುತ್ತದೆ.

ಇದರ ಪ್ರತಿಯೊಂದು 1944ರ ವೇಳೆಗೆ ಬರೋಡದ ಗ್ರಂಥಾಲಯವನ್ನು ಸೇರಿತ್ತು. 1959ರಲ್ಲಿ ಹಿಂದೀ ಅನುವಾದ ಪ್ರಕಟವಾಯಿತು. 1973ರಲ್ಲಿ ಮೈಸೂರಿನಿಂದ ಜಿ. ಆರ್. ಜೋಸ್ಯರ್ ಅವರು ಮೂಲವನ್ನೂ ಇಂಗ್ಲಿಷ್ ಅನುವಾದವನ್ನೂ ಎಲ್ಲಪ್ಪನವರ ಚಿತ್ರಗಳನ್ನೂ ಸೇರಿಸಿ ಅಚ್ಚು ಹಾಕಿಸಿದರು. ಅಲ್ಲಿಂದ ಮುಂದೆ ಅದು ಜಗತ್ತನ್ನೆಲ್ಲ ಸುತ್ತಿತು. ಸಾವಿರಾರು ವರ್ಷಗಳ ಹಿಂದಿನ ಹಸ್ತಪ್ರತಿ ಎಂಬ ಕೀರ್ತಿಯೂ ಅದಕ್ಕೆ ಅಂಟಿಕೊಂಡಿತು.

ಒಂದು ಗ್ರಂಥ ಹಳೆಯದೆಂದು ಯಾವ ಆಧಾರದಿಂದ ಹೇಳಬೇಕು? ಡಿ. ಎಲ್. ನರಸಿಂಹಾಚಾರ್ಯರ ‘ಕನ್ನಡ ಗ್ರಂಥಸಂಪಾದನೆ’ಯನ್ನು ಓದಿದ ಯಾವ ವಿದ್ಯಾರ್ಥಿಗೂ ಇದರ ಉತ್ತರ ತಿಳಿದಿರುತ್ತದೆ. ಓಲೆಯನ್ನು ಕೇಳಬೇಕು, ಇತರ ಗ್ರಂಥಗಳನ್ನು ಕೇಳಬೇಕು, ಭಾಷೆಯನ್ನು ಕೇಳಬೇಕು. ಈ ಮೂರು ಸಾಕ್ಷಿಗಳನ್ನು ಕೇಳುವ ಮುನ್ನ, ಅದೇ ಕಾಲದಲ್ಲಿ ನಮ್ಮದೇ ನಾಡಿನಲ್ಲಿ ನಡೆದ ಇನ್ನೊಂದು ಪ್ರಸಂಗವನ್ನು ಪಕ್ಕದಲ್ಲಿ ಇಟ್ಟುಕೊಳ್ಳುವುದು ಒಳಿತು.

20ನೆಯ ಶತಮಾನದ ಆರಂಭದಲ್ಲಿ ತಂಜಾವೂರು ಜಿಲ್ಲೆಯ ಪಂಡಿತರೊಬ್ಬರು ಮೈಸೂರಿನ ಸರ್ಕಾರೀ ಪ್ರಾಚ್ಯ ಗ್ರಂಥಾಲಯಕ್ಕೆ ಗ್ರಂಥಲಿಪಿಯ ಒಂದು ಓಲೆಕಟ್ಟನ್ನು ಕೊಟ್ಟರು. ಅಲ್ಲಿದ್ದ ಆರ್. ಶಾಮಶಾಸ್ತ್ರಿಗಳು ಅದನ್ನು ಬಿಚ್ಚಿ ಓದಿ, ಇದು ಹೆಸರಷ್ಟೇ ಉಳಿದಿದ್ದ ಕೌಟಿಲ್ಯನ ಅರ್ಥಶಾಸ್ತ್ರ ಎಂದು ಗುರುತಿಸಿದರು. 1905ರಿಂದ ಅದರ ಭಾಗಗಳ ಅನುವಾದವೂ 1909ರಲ್ಲಿ ಮೂಲವೂ ಹೊರಬಂದುವು. ಲೋಕ ಅವರ ಮಾತನ್ನು ಸುಮ್ಮನೆ ಒಪ್ಪಿಕೊಳ್ಳಲಿಲ್ಲ. ಓಲೆ ಕಣ್ಣೆದುರಿಗಿತ್ತು, ಬಳಿಕ ಮಲೆಯಾಳ ಲಿಪಿಯ ಪ್ರತಿಗಳೂ ಮ್ಯೂನಿಕ್ಕಿನಲ್ಲಿದ್ದ ಪ್ರತಿಯೂ ಅದರೊಡನೆ ತಾಳೆಯಾದುವು. ಕಾಮಂದಕ ಅದನ್ನು ಬಲ್ಲ, ದಂಡಿ ಅದನ್ನು ಹಾಸ್ಯ ಮಾಡುತ್ತಾನೆ, ಪಂಚತಂತ್ರ ಅದನ್ನು ಹೆಸರಿಸುತ್ತದೆ. ಅದರ ಕಾಲದ ಬಗೆಗೆ ವಿದ್ವಾಂಸರು ಇಂದಿಗೂ ಕಾದಾಡುತ್ತಾರೆ. ಪ್ರಾಚೀನವೆಂಬುದನ್ನು ಯಾರೂ ಅಲ್ಲಗಳೆಯುವುದಿಲ್ಲ.

ಇದೇ ಒರೆಗಲ್ಲಿಗೆ ಆನೇಕಲ್ಲಿನ ಗ್ರಂಥವನ್ನು ಹಚ್ಚಿದರೆ ಸಿಗುವುದೇನು? ಓಲೆ ಇಲ್ಲ, ಇರುವುದು 20ನೆಯ ಶತಮಾನದ ಕಾಗದದ ನೋಟುಪುಸ್ತಕ. ಬರೋಡದ ಪ್ರತಿಯೂ ಇದಕ್ಕಿಂತ ಹಿಂದಿನದಲ್ಲ. ಇದರ ಒಂದು ಸಾಲನ್ನಾದರೂ ಉದಾಹರಿಸಿದ ಹಳೆಯ ಗ್ರಂಥ ಸಿಕ್ಕಿಲ್ಲ. ಯಂತ್ರಗಳ ವಿಷಯ ನಮ್ಮ ಪ್ರಾಚೀನರಿಗೆ ಅಪರಿಚಿತವಾಗಿತ್ತು ಎಂದಲ್ಲ. 11ನೆಯ ಶತಮಾನದ ಭೋಜರಾಜನ ‘ಸಮರಾಂಗಣಸೂತ್ರಧಾರ’ದಲ್ಲಿ ಯಂತ್ರಗಳಿಗೇ ಒಂದು ಅಧ್ಯಾಯವಿದೆ. ಅದರಲ್ಲಿ ನೀರು ಚಿಮ್ಮಿಸುವ ಯಂತ್ರಗಳಿವೆ, ಕುಣಿಯುವ ಬೊಂಬೆಗಳಿವೆ, ಪಾದರಸವನ್ನು ಕಾಯಿಸಿ ಹಾರಿಸುವ ಮರದ ಹಕ್ಕಿಯೂ ಇದೆ. ಆದರೆ ಕಟ್ಟುವ ಕ್ರಮವನ್ನು ಪೂರ್ತಿಯಾಗಿ ಹೇಳದಿರುವುದು ಗುಟ್ಟನ್ನು ಕಾಯುವುದಕ್ಕಾಗಿ ಎಂದು ಭೋಜನು ನಡುವೆಯೇ ಹೇಳಿಬಿಡುತ್ತಾನೆ. ಇಂತಹ ಆಧಾರಗಳನ್ನೆಲ್ಲ ಹೆಕ್ಕಿ ವಿ. ರಾಘವನ್ ಅವರು ಬರೆದ ಪ್ರಬಂಧವು 1952ರಲ್ಲಿ ನಮ್ಮ ಬಸವನಗುಡಿಯ ಭಾರತೀಯ ಸಂಸ್ಕೃತಿ ಸಂಸ್ಥೆಯಿಂದಲೇ ಪ್ರಕಟವಾಯಿತು. ಕಾಲ ಗೊತ್ತಿರುವ ಗ್ರಂಥಗಳಲ್ಲಿ ಸಿಗುವುದು ಇಷ್ಟು: ಒಂದು ಕೌತುಕ, ಒಂದು ಕನಸು, ಒಂದು ಜಾಣಮೌನ.

ಮೂರನೆಯ ಸಾಕ್ಷಿ ಭಾಷೆ. ಇಲ್ಲಿ ಪಂಡಿತರಿಗೆ ನೆರವಾದವರು ವಿಜ್ಞಾನಿಗಳು. 1974ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್. ಎಸ್. ಮುಕುಂದ, ಎಸ್. ಎಂ. ದೇಶಪಾಂಡೆ, ಎಚ್. ಆರ್. ನಾಗೇಂದ್ರ, ಎ. ಪ್ರಭು, ಎಸ್. ಪಿ. ಗೋವಿಂದರಾಜು ಎಂಬ ಐವರು ಈ ಗ್ರಂಥವನ್ನು ಶ್ರದ್ಧೆಯಿಂದ ಪರೀಕ್ಷಿಸಿದರು. ನಗೆಯಾಡಿ ಬದಿಗಿಡುವುದು ಸುಲಭವಾಗಿತ್ತು. ಅವರು ಹಾಗೆ ಮಾಡಲಿಲ್ಲ. ಶಾಸ್ತ್ರಿಗಳ ಜೀವನವನ್ನು ವಿಚಾರಿಸಿದರು, ಹಸ್ತಪ್ರತಿಯ ಚರಿತ್ರೆಯನ್ನು ಹುಡುಕಿದರು, ಶ್ಲೋಕಗಳ ಭಾಷೆಯನ್ನು ತೂಗಿದರು, ಅನಂತರ ವಿಮಾನಗಳ ಲೆಕ್ಕಕ್ಕೆ ಕೈಹಾಕಿದರು. ಛಂದಸ್ಸು ಸರಳ ಅನುಷ್ಟುಪ್. ಸಂಸ್ಕೃತ ಈಚಿನದು, ವೈದಿಕದ ಸುಳಿವೇ ಇಲ್ಲ. ಚಿತ್ರಗಳು ಮೂಲದ ಮಾತಿಗೆ ಹೊಂದುವುದಿಲ್ಲ. ಬದಲಿಗೆ ಆ ಕಾಲದ ಯಂತ್ರಗಳ ಪರಿಚಯ ಅವುಗಳಲ್ಲಿ ಕಾಣುತ್ತದೆ. ಹೇಳಿದ ಆಕಾರದಲ್ಲಿ ಕಟ್ಟಿದರೆ ಆ ವಿಮಾನಗಳಲ್ಲಿ ಒಂದೂ ಹಾರಲಾರದು. ಗ್ರಂಥ ರಚನೆಯಾದುದು 1900ರಿಂದ 1922ರ ನಡುವೆ ಎಂದು ಅವರು ನಿರ್ಣಯಿಸಿದರು. ಶಾಸ್ತ್ರಿಗಳ ಮಾರ್ಗದರ್ಶನದಲ್ಲಿ ಮುಂಬಯಿಯ ತಳಪದೆಯವರು ಕಟ್ಟಿದ ಮಾದರಿಗಳೂ ಹಾರಲಿಲ್ಲವೆಂಬುದನ್ನು ಅವರು ದಾಖಲಿಸಿದ್ದಾರೆ.

ಆ ಲೇಖನದಲ್ಲಿ ನನಗೆ ಬಹಳ ಹಿಡಿಸಿದ ಗುಣವೊಂದಿದೆ. ಅವರು ಸುಬ್ಬರಾಯಶಾಸ್ತ್ರಿಗಳನ್ನು ವಂಚಕರೆನ್ನಲಿಲ್ಲ. ಸರಳ ಬಾಳಿನ, ಪ್ರಾಮಾಣಿಕ ವ್ಯಕ್ತಿಯ ಚಿತ್ರವನ್ನೇ ಕೊಟ್ಟರು. ಹಸ್ತಪ್ರತಿಯ ಹುಟ್ಟನ್ನು ಮರೆಸಿದ ಹೊಣೆಯನ್ನು ಅದನ್ನು ಪ್ರಕಟಿಸಿ ಪ್ರಚಾರ ಮಾಡಿದವರ ಮೇಲೆ ಹೊರಿಸಿದರು. ವಿಮರ್ಶೆ ಹೀಗೆ ಇರಬೇಕು.

ಹಾಗಾದರೆ ಆ ಬಡ ಪಂಡಿತರ ಬಾಯಿಂದ ಆ ಮೂರು ಸಾವಿರ ಶ್ಲೋಕಗಳು ಹೊರಟುದೇಕೆ? ಕಾಲವನ್ನು ನೋಡಿದರೆ ಉತ್ತರ ಹೊಳೆಯುತ್ತದೆ. 1903ರ ಡಿಸೆಂಬರಿನಲ್ಲಿ ರೈಟ್ ಸೋದರರು ಹಾರಿದರು. 1911ರ ಫೆಬ್ರವರಿಯಲ್ಲಿ ಅಲಹಾಬಾದಿನಿಂದ ನೈನಿಗೆ ವಿಮಾನದಲ್ಲಿ ಟಪಾಲು ಹೋಯಿತು. 1914ರಿಂದ 1918ರವರೆಗಿನ ಮಹಾಯುದ್ಧದಲ್ಲಿ ವಿಮಾನಗಳ ಸುದ್ದಿ ಪತ್ರಿಕೆ ಪತ್ರಿಕೆಗಳಲ್ಲಿ ಬಂತು. ಯುದ್ಧ ಮುಗಿಯುವ ವರ್ಷ ಆನೇಕಲ್ಲಿನಲ್ಲಿ ಶ್ಲೋಕಗಳ ಬರವಣಿಗೆ ಮೊದಲಾಯಿತು. ಅದಕ್ಕೂ ನಾಲ್ಕು ದಶಕಗಳ ಹಿಂದೆ ದಯಾನಂದ ಸರಸ್ವತಿಗಳು ತಮ್ಮ ವೇದಭಾಷ್ಯದ ಭೂಮಿಕೆಯಲ್ಲಿ ನೌಕೆ, ವಿಮಾನ, ತಂತಿಗಳ ವಿದ್ಯೆ ವೇದದಲ್ಲಿಯೇ ಇದೆಯೆಂದು ಸಾರಿದ್ದರು. ಆಳುವವನ ಕೈಯಲ್ಲಿ ರೈಲು, ತಂತಿ, ತುಪಾಕಿ, ಈಗ ವಿಮಾನ. ಆಳಿಸಿಕೊಳ್ಳುವವನ ಕೈಯಲ್ಲಿ ಉಳಿದುದು ಹಳೆಯ ಗ್ರಂಥಗಳ ಹೆಸರುಗಳು. ಇದೂ ನಮ್ಮಲ್ಲಿತ್ತು ಎಂದು ಹೇಳಿಕೊಳ್ಳದೆ ತಲೆಯೆತ್ತಿ ನಡೆಯುವುದು ಆ ತಲೆಮಾರಿಗೆ ಕಷ್ಟವಾಗಿತ್ತು. ಹೊಸದನ್ನು ತನ್ನ ಹೆಸರಿನಲ್ಲಿ ಹೇಳದೆ ಋಷಿಯ ಹೆಸರಿನಲ್ಲಿ ಹೇಳುವುದೂ ನಮ್ಮ ಬಹು ಹಳೆಯ ಪದ್ಧತಿ. ಪುರಾಣಗಳು ಬೆಳೆದುದೇ ಹಾಗೆ. ಈ ದೃಷ್ಟಿಯಿಂದ ನೋಡಿದರೆ ‘ವೈಮಾನಿಕ ಶಾಸ್ತ್ರ’ವು ಪುರಾಣಮಾರ್ಗದ ಒಂದು ಕೊನೆಯ ಕವಲು. ಅದನ್ನು ಇಡಬೇಕಾದುದು ಸಾಹಿತ್ಯಚರಿತ್ರೆಯ ಕಪಾಟಿನಲ್ಲಿ. ಅಲ್ಲಿ ಅದಕ್ಕೆ ಗೌರವವಿದೆ.

ಯಂತ್ರಶಾಸ್ತ್ರದ ಕಪಾಟಿನಲ್ಲಿ ಇಟ್ಟರೆ ಆಗುವ ನಷ್ಟ ಸಣ್ಣದಲ್ಲ. 2015ರ ಜನವರಿಯಲ್ಲಿ ಮುಂಬಯಿಯಲ್ಲಿ ನಡೆದ ಭಾರತೀಯ ವಿಜ್ಞಾನ ಕಾಂಗ್ರೆಸ್ಸಿನಲ್ಲಿ ಈ ಗ್ರಂಥವನ್ನು ಆಧಾರವಾಗಿಟ್ಟು ಪ್ರಾಚೀನ ವಿಮಾನವಿದ್ಯೆಯ ಮೇಲೆ ಉಪನ್ಯಾಸ ನಡೆಯಿತು. ದೇಶದ ವಿಜ್ಞಾನಿಗಳಲ್ಲಿ ಅನೇಕರು ಅದನ್ನು ಪ್ರತಿಭಟಿಸಿದರು. ಇಂತಹ ವಾದದ ಗದ್ದಲದಲ್ಲಿ ನಮ್ಮ ನಿಜವಾದ ಶಾಸ್ತ್ರಗ್ರಂಥಗಳ ದನಿ ಕೇಳಿಸದೆ ಹೋಗುತ್ತದೆ. 11ನೆಯ ಶತಮಾನದ ಚಾವುಂಡರಾಯನ ‘ಲೋಕೋಪಕಾರ’ದಲ್ಲಿ ಅಂತರ್ಜಲ ಹುಡುಕುವ, ಗಿಡ ಬೆಳೆಸುವ, ಅಡಿಗೆ ಮಾಡುವ ಕ್ರಮಗಳಿವೆ. 12ನೆಯ ಶತಮಾನದ ರಾಜಾದಿತ್ಯನು ಕನ್ನಡದಲ್ಲಿ ಗಣಿತವನ್ನು ಬರೆದನು. ಅದೇ ಶತಮಾನದಲ್ಲಿ ಕಲ್ಯಾಣದ ಚಾಳುಕ್ಯ ಸೋಮೇಶ್ವರನು ‘ಮಾನಸೋಲ್ಲಾಸ’ವನ್ನು ರಚಿಸಿದನು. 14ನೆಯ ಶತಮಾನದ ಮಂಗರಾಜನ ‘ಖಗೇಂದ್ರಮಣಿದರ್ಪಣ’ ವಿಷವೈದ್ಯದ ಗ್ರಂಥ. ಇವುಗಳಿಗೆ ಓಲೆಯುಂಟು, ಕಾಲವುಂಟು, ಕರ್ತೃವುಂಟು. ನಮ್ಮ ಪೂರ್ವಜರು ನಿಜವಾಗಿ ನೋಡಿ, ಅಳೆದು, ಮಾಡಿ ತಿಳಿದುದು ಇವುಗಳಲ್ಲಿದೆ. ಹಾರದ ವಿಮಾನದ ಹೆಸರನ್ನು ಬಲ್ಲವರು ಊರೂರಿಗೂ ಸಿಗುತ್ತಾರೆ. ರಾಜಾದಿತ್ಯನ ಹೆಸರನ್ನು ಬಲ್ಲವರನ್ನು ಹುಡುಕಬೇಕು. ನನ್ನ ಕೊರಗು ಇದು.

ಕನಸು ನನಸಾಗುವ ದಾರಿ ಯಾವುದು ಎಂಬುದಕ್ಕೂ ನಿದರ್ಶನ ಬೆಂಗಳೂರಿನ ಹೊರವಲಯದಲ್ಲಿಯೇ ಇದೆ. ಆನೇಕಲ್ಲಿಗೆ ಎದುರು ದಿಕ್ಕಿನಲ್ಲಿ, ತುಮಕೂರು ರಸ್ತೆಯ ಪೀಣ್ಯದಲ್ಲಿ. 1972ರಲ್ಲಿ ಸೋವಿಯತ್ ಒಕ್ಕೂಟದೊಡನೆ ಒಪ್ಪಂದವಾದ ಮೇಲೆ ನಮ್ಮ ಮೊದಲ ಉಪಗ್ರಹವನ್ನು ಕಟ್ಟಿದುದು ಅಲ್ಲಿನ ಕೈಗಾರಿಕಾ ಶೆಡ್ಡುಗಳಲ್ಲಿ. ಮುಂದಾಳಾಗಿದ್ದವರು ಉಡುಪಿಯ ಬಳಿಯ ಅದಮಾರಿನಲ್ಲಿ ಹುಟ್ಟಿದ ಯು. ಆರ್. ರಾವ್. 26 ಮುಖಗಳುಳ್ಳ, ಸುಮಾರು 360 ಕಿಲೋಗ್ರಾಂ ತೂಕದ ಆ ಉಪಗ್ರಹ 1975ರ ಏಪ್ರಿಲ್ 19ರಂದು ಬಾನಿಗೇರಿತು. ಅದಕ್ಕೆ ಇಟ್ಟ ಹೆಸರು ಆರ್ಯಭಟ. ಐದನೆಯ ದಿನದ ಹೊತ್ತಿಗೆ ವಿದ್ಯುತ್ತಿನ ತೊಂದರೆಯಿಂದ ಅದರೊಳಗಿನ ಪ್ರಯೋಗಗಳು ನಿಂತುವು. ಆ ಮಾತನ್ನು ಯಾರೂ ಮುಚ್ಚಿಡಲಿಲ್ಲ. ಕಾರಣವನ್ನು ಹುಡುಕಿದರು, ತಿದ್ದಿಕೊಂಡರು. 1979ರಲ್ಲಿ ಭಾಸ್ಕರ ಮೇಲೇರಿತು. ವಿಜ್ಞಾನ ಸಂಸ್ಥೆಯ ಐವರ ಲೇಖನ 1974ರದು, ಪೀಣ್ಯದ ಉಪಗ್ರಹ 1975ರದು. ಒಂದೇ ಊರು, ಒಂದು ವರ್ಷದ ಅಂತರ. ಹಾರದುದನ್ನು ಹಾರದೆಂದು ಹೇಳುವ ಧೈರ್ಯ ಇದ್ದ ಊರಿನಲ್ಲಿಯೇ ಹಾರುವುದನ್ನು ಕಟ್ಟಲು ಸಾಧ್ಯವಾಯಿತು.

ಆರ್ಯಭಟ ಎಂಬ ಹೆಸರಿನ ಔಚಿತ್ಯವನ್ನೂ ಗಮನಿಸಬೇಕು. 499ರ ಸುಮಾರಿಗೆ ತನ್ನ 23ನೆಯ ವಯಸ್ಸಿನಲ್ಲಿ ಗ್ರಂಥ ಬರೆದ ಆ ಗಣಿತಜ್ಞನು ತನ್ನ ಹೆಸರನ್ನೂ ವಯಸ್ಸನ್ನೂ ಅದರಲ್ಲಿ ಹೇಳಿಕೊಂಡಿದ್ದಾನೆ. ಅವನ ಎಣಿಕೆಗಳನ್ನು ಬ್ರಹ್ಮಗುಪ್ತನು ಮುಖಕ್ಕೆ ಹೊಡೆದಂತೆ ಖಂಡಿಸಿದ್ದಾನೆ. ಖಂಡನೆಗೆ ಒಡ್ಡಿಕೊಂಡು ಉಳಿದುದರಿಂದಲೇ ಅದು ಶಾಸ್ತ್ರ. ಪ್ರಾಚೀನರ ಮೇಲಿನ ಅಭಿಮಾನಕ್ಕೂ ಇಂದಿನ ಪ್ರಯೋಗಕ್ಕೂ ವಿರೋಧವಿಲ್ಲವೆಂಬುದನ್ನು ಪೀಣ್ಯದ ಆ ಶೆಡ್ಡುಗಳು ತೋರಿಸಿಕೊಟ್ಟುವು.

ಕವಿಯ ಮಾತು ಯಂತ್ರಕ್ಕೆ ಹೆಸರಾಗಿ ಬರುವುದು ನಮ್ಮಲ್ಲಿ ಹೊಸದೂ ಅಲ್ಲ. ಈಗ ನನ್ನ ಮಾತು ನಿಮ್ಮ ಮನೆಗೆ ಬರುತ್ತಿರುವ ಈ ಏರ್ಪಾಡಿನ ಹೆಸರನ್ನೇ ನೋಡಿ. ಪುರಾಣಗಳಲ್ಲಿ ಆಕಾಶವಾಣಿ ಎಂದರೆ ಕಾಣದ ದೇವತೆಯ ನುಡಿ. ಕಂಸನಿಗೆ ಅವನ ಸಾವನ್ನು ಸಾರಿದ್ದು ಅದು. 1935ರಲ್ಲಿ ಮೈಸೂರಿನಲ್ಲಿ ಪ್ರೊಫೆಸರ್ ಎಂ. ವಿ. ಗೋಪಾಲಸ್ವಾಮಿಯವರು ಸ್ಥಾಪಿಸಿದ ಬಾನುಲಿ ಕೇಂದ್ರಕ್ಕೆ ಆ ಹೆಸರನ್ನು ಇಟ್ಟರು. ಬಳಿಕ ಅದು ದೇಶಕ್ಕೇ ಹೆಸರಾಯಿತು. ಆದರೆ ಪುರಾಣದ ಕಾಲದಲ್ಲಿಯೇ ರೇಡಿಯೋ ಇತ್ತೆಂದು ಅವರು ವಾದಿಸಲಿಲ್ಲ. ಕಥೆಯಿಂದ ಹೆಸರನ್ನು ತೆಗೆದುಕೊಂಡರು. ಯಂತ್ರವನ್ನು ತಂತಿ ತಂತಿಯಾಗಿ ಜೋಡಿಸಿದರು.

ಇಂದು ತೇಲುವ ಊರೆಂದು ಕರೆಯಬಹುದಾದ ಒಂದು ನೆಲೆ ನಮ್ಮ ತಲೆಯ ಮೇಲೆ ಸುಮಾರು 400 ಕಿಲೋಮೀಟರ್ ಎತ್ತರದಲ್ಲಿ ನಿಜವಾಗಿಯೂ ಸುತ್ತುತ್ತಿದೆ. ಆ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣದಲ್ಲಿ 2000ದ ನವೆಂಬರಿನಿಂದ ಮನುಷ್ಯರ ವಾಸ ಕಡಿದಿಲ್ಲ. 2025ರ ಬೇಸಗೆಯಲ್ಲಿ ಶುಭಾಂಶು ಶುಕ್ಲ ಅಲ್ಲಿ ಇದ್ದು ಬಂದರು. ಅದನ್ನು ಯಾವ ಮಯನೂ ಒಬ್ಬನೇ ಕಟ್ಟಲಿಲ್ಲ. ಹಲವು ದೇಶಗಳು ತುಂಡು ತುಂಡಾಗಿ ಒಯ್ದು ಕೂಡಿಸಿದುವು. ಅದಕ್ಕೂ ಆಯುಸ್ಸು ಉಂಟು, ಒಂದು ದಿನ ಅದನ್ನು ಇಳಿಸಬೇಕು ಎಂಬುದು ಕಟ್ಟಿದವರಿಗೆ ಗೊತ್ತು. ತ್ರಿಪುರದ ಅಸುರರು ಅರಿಯದೆ ಹೋದುದು ಇದನ್ನೇ.

ಇನ್ನು ಮುಂದೆ ಆಗಬೇಕಾದ ಕೆಲಸವೊಂದನ್ನು ಸೂಚಿಸಿ ನನ್ನ ಮಾತನ್ನು ಮುಗಿಸುತ್ತೇನೆ. ಸುಬ್ಬರಾಯಶಾಸ್ತ್ರಿಗಳ ಗ್ರಂಥಕ್ಕೆ ಒಂದು ಒಳ್ಳೆಯ ಶಾಸ್ತ್ರೀಯ ಆವೃತ್ತಿ ಬರಬೇಕು. ಅದರ ಮುಖಪುಟದಲ್ಲಿ ಭರದ್ವಾಜರ ಹೆಸರಿನ ಜಾಗದಲ್ಲಿ ಆನೇಕಲ್ಲಿನ ಪಂಡಿತರ ಹೆಸರಿರಬೇಕು. ಬರೆದುಕೊಂಡ ಶರ್ಮರ ಹೆಸರೂ ಚಿತ್ರ ಬರೆದ ಎಲ್ಲಪ್ಪನವರ ಹೆಸರೂ ಜೊತೆಗಿರಬೇಕು. ಯಾವ ಕಲ್ಪನೆ ಯಾವ ಪುರಾಣದಿಂದ ಬಂತು, ಯಾವುದು ಅಂದಿನ ಎಂಜಿನಿಯರಿಂಗ್ ಕಾಲೇಜಿನ ನಕ್ಷೆಯಿಂದ ಬಂತು ಎಂಬುದನ್ನು ಅಡಿಟಿಪ್ಪಣಿಗಳು ತಿಳಿಸಬೇಕು. ಆಗ ಶಾಲೆಯ ಮೆಟ್ಟಿಲು ಹತ್ತದ, ಕಾಯಿಲೆ ಬಡತನಗಳಲ್ಲಿ ಬೆಂದ ಮನುಷ್ಯನೊಬ್ಬನು ಹೊಸೂರು ರಸ್ತೆಯ ಬದಿಯ ಸಣ್ಣ ಊರಿನಲ್ಲಿ ಕುಳಿತು ಕಂಡ ಕನಸಿನ ನಿಜವಾದ ಅಳತೆ ನಮಗೆ ಸಿಗುತ್ತದೆ. ಆನೇಕಲ್ಲಿನವರು ಅದನ್ನು ತಮ್ಮದೆಂದು ಹೇಳಿಕೊಳ್ಳುವುದಕ್ಕೆ ಆಗ ಯಾವ ಸಂಕೋಚವೂ ಇರುವುದಿಲ್ಲ.